ಬರ್ನಡೆಟ್ ಮೇಯರ್ ಮತ್ತು ನಮ್ಮ ಭಾನುವಾರದ ಬರವಣಿಗೆ ಕೂಟ

ಕವಿ ಬರೀತಾರೆ, ಸಂಪಾದಕರು ತಿದ್ದುತಾರೆ, ಮೇಷ್ಟ್ರು ಕಲಿಸ್ತಾರೆ, ಹೀಗೆ ಮೂರು ಬೇರೆ ಬೇರೆ ಕುರ್ಚಿ ನಾವು ಮನಸಲ್ಲೇ ಹಾಕಿಟ್ಟುಬಿಟ್ಟಿರ್ತೀವಿ. ಒಬ್ಬರೇ ಮೂರೂ ಮಾಡಿದ್ರೆ "ದೊಡ್ಡ ಕವಿಗಳು, ಪತ್ರಿಕೆಯನ್ನೂ ನಡೆಸಿದವರು, ಜೊತೆಗೆ ಅಧ್ಯಾಪಕರೂ ಆಗಿದ್ದವರು" ಅಂತ ಪರಿಚಯ ಭಾಷಣದಲ್ಲಿ ಒಂದೇ ಉಸಿರಿಗೆ ಹೇಳಿ ಶಾಲು ಹೊದಿಸಿ ಕಳಿಸ್ತೀವಿ. ಅಮೆರಿಕದ ಬರ್ನಡೆಟ್ ಮೇಯರ್ ಅನ್ನೋ ಕವಿಯನ್ನ ಓದ್ತಾ ಹೋದಷ್ಟೂ ನನಗೆ ಈ ಕುರ್ಚಿ ಲೆಕ್ಕಾನೇ ಸರಿ ಇಲ್ಲ ಅನ್ಸೋಕೆ ಶುರುವಾಗಿದೆ. ಆಕೆಗೆ ಕವಿತೆ ಬರೆಯೋದು, ಬೇರೆಯವರದ್ದು ಅಚ್ಚು ಹಾಕೋದು, ಬೇರೆಯವರ ಕೈಲಿ ಬರೆಸೋದು ಮೂರೂ ಒಂದೇ ಕೆಲಸ, ಒಂದು ಬಿಟ್ರೆ ಇನ್ನೊಂದು ನಡೆಯೋದೇ ಇಲ್ಲ. ರಾಯಚೂರಲ್ಲಿ ಕೂತು ಆಕೆ ಬಗ್ಗೆ ಇಷ್ಟುದ್ದ ಬರೆಯೋಕೆ ಕಾರಣ ಅದೇ, ಇಲ್ಲಿ ಭಾನುವಾರ ಭಾನುವಾರ ಕೆಲವು ಹುಡುಗ್ರು ಹುಡ್ಗೀರ್ನ ಕೂರಿಸ್ಕೊಂಡು ನಾನು ಮಾಡ್ತಿರೋ ಕೆಲಸಕ್ಕೆ ಆಕೆಯಿಂದ ಸಿಕ್ಕಷ್ಟು ಧೈರ್ಯ ಬೇರೆ ಯಾರಿಂದಾನೂ ಸಿಕ್ಕಿಲ್ಲ.

ಮೇಯರ್ ಹುಟ್ಟಿದ್ದು 1945ರ ಮೇ 12ಕ್ಕೆ, ನ್ಯೂಯಾರ್ಕಿನ ಬ್ರೂಕ್ಲಿನ್‌ನಲ್ಲಿ. ಹದಿಹರೆಯ ಮುಗಿಯೋದ್ರೊಳಗೆ ಅಪ್ಪ ಅಮ್ಮ ಇಬ್ರೂ ತೀರಿಕೊಂಡಿದ್ರು. ಕ್ಯಾಥೊಲಿಕ್ ಶಾಲೆಗಳಲ್ಲಿ ಓದಿ, ಆಮೇಲೆ ನ್ಯೂ ಸ್ಕೂಲ್ ಅನ್ನೋ ಕಡೆ 1967ರಲ್ಲಿ ಡಿಗ್ರಿ ಮುಗಿಸಿದ್ರು. ಅದೇ ವರ್ಷ, ಅಂದ್ರೆ 22ರ ವಯಸ್ಸಿಗೆ, ಭಾವ ವಿಟೊ ಅಕಾಂಚಿ ಜೊತೆ ಸೇರಿ 'ಝೀರೋ ಟು ನೈನ್' ಅಂತ ಒಂದು ಪುಟ್ಟ ಪತ್ರಿಕೆ ಶುರು ಮಾಡಿದ್ರು. 1967ರಿಂದ 1969ರವರೆಗೆ ಬಂದಿದ್ದು ಬರೀ ಆರು ಸಂಚಿಕೆ. ಆದ್ರೆ ಅದರೊಳಗೆ ಕವಿತೆ ಪಕ್ಕಕ್ಕೆ ಚಿತ್ರಕಲಾವಿದರ ಟಿಪ್ಪಣಿ, ಅದರ ಪಕ್ಕಕ್ಕೆ ನೃತ್ಯದವರ ಬರಹ. ಸಾಲ್ ಲೆವಿಟ್ ಅನ್ನೋ ಕಲಾವಿದ ಕಲೆ ಬಗ್ಗೆ ಬರೆದ ಪುಟ್ಟ ಪುಟ್ಟ ವಾಕ್ಯಗಳು ಇವತ್ತು ಕಲಾಶಾಲೆಗಳಲ್ಲಿ ಪಾಠ ಆಗಿವೆ, ಅವು ಮೊದಲು ಅಚ್ಚಾಗಿದ್ದು ಈ ಪತ್ರಿಕೆಯಲ್ಲಿ.

ಅಚ್ಚು ಅಂದ್ರೆ ಪ್ರೆಸ್ಸು ಅಂದ್ಕೋಬೇಡಿ, ಸೈಕ್ಲೋಸ್ಟೈಲ್. ನಮ್ಮ ಕಡೆ ನಲವತ್ತು ದಾಟಿದವರಿಗೆ ನೆನಪಿರಬೇಕು, ಸ್ಕೂಲಲ್ಲಿ ಕಿರುಪರೀಕ್ಷೆ ಪ್ರಶ್ನೆಪತ್ರಿಕೆ ಬರ್ತಿತ್ತಲ್ಲ, ಅಕ್ಷರ ಸ್ವಲ್ಪ ಉಬ್ಬಿ, ಅಂಚಲ್ಲಿ ಮಸಿ ಹರಡಿ, ಮುಟ್ಟಿದ್ರೆ ಬೆರಳಿಗೆ ಅಂಟೋ ಹಂಗೆ. ಮೇಣ ಸವರಿದ ಸ್ಟೆನ್ಸಿಲ್ ಹಾಳೆಯನ್ನ ಟೈಪ್‌ರೈಟರಿಗೆ ಹಾಕಿ, ರಿಬ್ಬನ್ ಬಿಡಿಸಿ, ಗಟ್ಟಿಯಾಗಿ ಕುಟ್ಟಬೇಕು, ಅಕ್ಷರ ಬಿದ್ದಲ್ಲೆಲ್ಲಾ ಮೇಣ ಹರಿದು ದಾರಿ ಆಗುತ್ತೆ, ಆಮೇಲೆ ಅದನ್ನ ಮಷಿನ್ನಿನ ಡ್ರಮ್ಮಿಗೆ ಸುತ್ತಿ ಹಿಡಿ ತಿರುಗಿಸಿದ್ರೆ ಆ ದಾರೀಲಿ ಮಸಿ ಇಳಿದು ಕಾಗದಕ್ಕೆ ಬರುತ್ತೆ. ತಪ್ಪಾದ್ರೆ ಕೆಂಪು ಫ್ಲೂಯಿಡ್ ಹಚ್ಚಿ, ಆರೋವರೆಗೂ ಕಾದು, ಮತ್ತೆ ಕುಟ್ಟಬೇಕು. ಇದನ್ನ ಬಿಡಿಸಿ ಹೇಳ್ತಿರೋದು ಯಾಕಂದ್ರೆ, ಬೇರೆಯವರ ಕವಿತೆಯನ್ನ ಹೀಗೆ ಒಂದೊಂದೇ ಅಕ್ಷರ ಕುಟ್ಟಿ ಕೂರಿಸೋ ಸಂಪಾದಕರು ಆ ಕವಿತೆಯನ್ನ ಯಾವ ವಿಮರ್ಶಕರಿಗಿಂತಲೂ ಹತ್ತಿರದಿಂದ ಓದಿರ್ತಾರೆ. ಯಾವ ಸಾಲು ಎಲ್ಲಿ ಮುರಿದಿದೆ, ಯಾಕೆ ಅಲ್ಲೇ ಮುರಿದಿದೆ ಅನ್ನೋದು ಬೆರಳಿಗೇ ಗೊತ್ತಾಗಿರುತ್ತೆ. ಮೇಯರ್ ಸಂಪಾದನೆ ಕಲಿತಿದ್ದು ಹೀಗೆ, ಹೀಗೇ ಕಲಿಸೋದನ್ನೂ ಕಲಿತ್ರು ಅಂತ ನನ್ನ ನಂಬಿಕೆ.

ನಮ್ಮಲ್ಲೂ ಇಂಥ ಪರಂಪರೆ ಏನು ಕಮ್ಮಿ ಇಲ್ಲ. ಅದೇ ಅರವತ್ತರ ದಶಕದಲ್ಲೇ ಗೋಪಾಲಕೃಷ್ಣ ಅಡಿಗರು 'ಸಾಕ್ಷಿ' ಪತ್ರಿಕೆ ನಡೆಸ್ತಿದ್ರು, ಅವರೂ ಕವಿ, ಸಂಪಾದಕ, ಇಂಗ್ಲಿಷ್ ಮೇಷ್ಟ್ರು, ಪ್ರಿನ್ಸಿಪಾಲರು. ಧಾರವಾಡದಲ್ಲಿ ಚಂಪಾ, ಗಿರಡ್ಡಿ, ಪಟ್ಟಣಶೆಟ್ಟಿ ಸೇರ್ಕೊಂಡು 'ಸಂಕ್ರಮಣ' ತಂದ್ರು. ಕನ್ನಡದ ನವ್ಯ ಬೆಳೆದಿದ್ದು ಇಂಥ ಸಣ್ಣ ಪತ್ರಿಕೆಗಳ ಬೆನ್ನ ಮೇಲೆ. ಆದ್ರೆ ಪತ್ರಿಕೆ ನಡೆಸಿದಷ್ಟು ಗಂಭೀರವಾಗಿ, ಇನ್ನೂ ಏನೂ ಬರೆಯದೇ ಇರೋರ ಕೈಗೆ ಪೆನ್ನು ಕೊಟ್ಟು ಕೂರಿಸೋ ಕೆಲಸ ನಮ್ಮಲ್ಲಿ ಆಗಿದ್ದು ಕಡಿಮೆ. ಕಮ್ಮಟ ಅಂತ ಕರೀತಾರೆ, ಹೋದ್ರೆ ಬೆಳಗ್ಗೆ ಉದ್ಘಾಟನೆ, ಮಧ್ಯಾಹ್ನದವರೆಗೂ ಕಾವ್ಯ ಅಂದ್ರೇನು ಅಂತ ಉಪನ್ಯಾಸ, ಊಟ ಆದ್ಮೇಲೆ ಶಿಬಿರಾರ್ಥಿಗಳ ಕವನವಾಚನ, ಸರ್ಟಿಫಿಕೇಟು, ಗ್ರೂಪ್ ಫೋಟೋ. ಅಲ್ಲೇ ಕೂತು ಒಂದು ಸಾಲು ಬರೆದಿರಲ್ಲ ಯಾರೂ. ಇಂಥ ಒಂದು ಕಮ್ಮಟದಲ್ಲಿ ಕವಿತೆ ಓದಿದ ಹುಡುಗಿಗೆ "ಇನ್ನೂ ಓದಬೇಕಮ್ಮ ನೀನು" ಅಂತ ವೇದಿಕೆ ಮೇಲಿಂದ್ಲೇ ಹೇಳಿ ಕೂರಿಸಿದ್ದನ್ನ ನೋಡಿದ್ದೀನಿ, ಏನು ಓದಬೇಕು ಅಂತ ಮಾತ್ರ ಯಾರೂ ಹೇಳ್ಲಿಲ್ಲ, ಆ ಸಿಟ್ಟು ನನಗೆ ಇವತ್ತಿಗೂ ಇಳಿದಿಲ್ಲ.

ಮೇಯರ್ ಕಲಿಸೋಕೆ ಶುರು ಮಾಡಿದ್ದು 1971ರಲ್ಲಿ, ನ್ಯೂಯಾರ್ಕಿನ ಸೇಂಟ್ ಮಾರ್ಕ್ಸ್ ಚರ್ಚಿನಲ್ಲಿ. ಅಲ್ಲಿ 1966ರಿಂದ ಪೊಯೆಟ್ರಿ ಪ್ರಾಜೆಕ್ಟ್ ಅಂತ ಒಂದು ಸಂಸ್ಥೆ ನಡೀತಾ ಇತ್ತು, ಮುಂದೆ 1980ರಿಂದ 1984ರವರೆಗೆ ಮೇಯರ್ ಅದರ ನಿರ್ದೇಶಕಿಯೂ ಆದ್ರು. ಆಕೆಯ ಕೂಟದಲ್ಲಿ ಕವಿತೆ ಮಾತ್ರ ಓದ್ತಿರಲಿಲ್ಲ, ಮನಶ್ಶಾಸ್ತ್ರ, ತತ್ವಶಾಸ್ತ್ರ, ವಿಜ್ಞಾನ ಎಲ್ಲಾ ಬರ್ತಿತ್ತು. ಅಲ್ಲಿ ಕೂತು ಬರೆದವರಲ್ಲಿ ಕ್ಯಾಥಿ ಆಕರ್, ಚಾರ್ಲ್ಸ್ ಬರ್ನ್‌ಸ್ಟೀನ್ ಮುಂದೆ ದೊಡ್ಡ ಹೆಸರಾದ್ರು. ಈ ಕೂಟದಿಂದಾನೇ 1972ರಲ್ಲಿ 'ಅನ್‌ನ್ಯಾಚುರಲ್ ಆಕ್ಟ್ಸ್' ಅಂತ ಒಂದು ಪತ್ರಿಕೆ ಹೊರಬಂತು. ಅದನ್ನ ಬರೆದ ರೀತಿ ಕೇಳಿ: ಎಲ್ರೂ ಒಂದೇ ಜಾಗದಲ್ಲಿ, ಒಂದೇ ಹೊತ್ತಲ್ಲಿ ಕೂತು, ಒಬ್ಬರು ಬರೆದಿದ್ದನ್ನ ಇನ್ನೊಬ್ಬರು ತಗೊಂಡು ಮುಂದುವರಿಸಿ, ಕೊನೆಗೆ ಯಾವುದು ಯಾರದ್ದು ಅಂತ ಹೆಸರೇ ಹಾಕದೆ ಅಚ್ಚು ಹಾಕಿದ್ದು. ಅಲ್ಲಿಯವರಿಗೆ ಇದು ಹೊಸ ಪ್ರಯೋಗ. ನಮ್ಮಲ್ಲಿ ಬೀಸೋ ಪದ, ಸೋಬಾನೆ ಪದ, ಮೊಹರಂ ಪದ ಹಾಡ್ತಾರಲ್ಲ, ಒಬ್ಬರು ಎತ್ತಿದ್ದನ್ನ ಇನ್ನೊಬ್ಬರು ಹಿಡಿದು ಮುಂದಕ್ಕೆ ಒಯ್ಯೋದು, ಅದನ್ನ ಕಟ್ಟಿದವರು ಯಾರು ಅಂತ ಯಾರು ಕೇಳಿದ್ದಾರೆ?

ಇನ್ನು ಆಕೆಯ ಪ್ರಯೋಗಗಳ ಪಟ್ಟಿ. ಮೇಯರ್ ಮತ್ತು ಆಕೆಯ ಕೂಟದವರು ಸೇರಿ ವರ್ಷಾನುಗಟ್ಟಲೆ ಬೆಳೆಸಿದ್ದು ಅದು, ಹೀಗೆ ಮಾಡಿ ನೋಡಿ, ಹಾಗೆ ಮಾಡಿ ನೋಡಿ ಅನ್ನೋ ಸೂಚನೆಗಳು. ಕೆಲವು ಬಗೆಯ ಪದಗಳನ್ನ ಪೂರ್ತಿ ಬಿಟ್ಟು ಬರೀರಿ, ಪುಸ್ತಕದ ಕೊನೇಲಿ ಇರೋ ಪದಸೂಚಿ ತರದ್ದೊಂದು ಕವಿತೆ ಮಾಡಿ, ಕನಸುಗಳನ್ನ ಬರೆದಿಡಿ, ಹೀಗೇ ಸಾಗುತ್ತೆ. ಜೆರಾಕ್ಸ್ ಆಗಿ, ಕೈಯಿಂದ ಕೈಗೆ ಹೋಗಿ, ಅಮೆರಿಕದ ಅರ್ಧಕ್ಕರ್ಧ ಬರವಣಿಗೆ ಕ್ಲಾಸುಗಳಿಗೆ ಅದು ತಲುಪಿರಬೇಕು ಅಂತ ನನಗನ್ಸುತ್ತೆ. ಅದಕ್ಕೆ ಬೇಲಿ ಹಾಕಿ ಇದು ನನ್ನದು ಅಂತ ಆಕೆ ಕೂರಲಿಲ್ಲ. ಮಕ್ಕಳಿಗೆ ವಿಜ್ಞಾನ ಬರವಣಿಗೆ ಕಲಿಸೋದು ಹೇಗೆ ಅಂತ ಮೇಷ್ಟ್ರುಗಳಿಗಾಗಿ ಇನ್ನೊಬ್ಬರ ಜೊತೆ ಸೇರಿ ಒಂದು ಕೈಪಿಡಿ ಕೂಡಾ ಬರೆದಿದ್ದಾರೆ, 1989ರಲ್ಲಿ.

ಪ್ರಯೋಗ ಅಂದ್ ಕೂಡ್ಲೇ ನಮ್ಮ ಹಿರಿಯರು ಕೆಲವರು ಮೂಗು ಮುರೀತಾರೆ, "ಇದೆಲ್ಲಾ ಫಾರಿನ್ ಶೋಕಿ" ಅಂತ. ಅವರು ವೇದಿಕೆ ಮೇಲೆ ಆಶುವಾಗಿ ಪದ್ಯ ಕಟ್ಟೋ ಅವಧಾನ ನೋಡಿದವರೇ ಇರ್ತಾರೆ, ನಿಷೇಧಾಕ್ಷರಿಯಲ್ಲಿ ಸವಾಲು ಹಾಕೋ ಪೃಚ್ಛಕರು ಒಂದೊಂದೇ ಅಕ್ಷರ ಬೇಡ ಬೇಡ ಅಂತ ತಡೀತಾ ಹೋಗೋದು, ಅವಧಾನಿ ಉಳಿದ ಅಕ್ಷರದಲ್ಲೇ ದಾರಿ ಮಾಡ್ಕೊಂಡು ಪದ್ಯ ಮುಗಿಸೋದು ನೋಡಿ ಚಪ್ಪಾಳೆ ಹೊಡೆದವರೇ. ಚಕ್ರಬಂಧ, ಗೋಮೂತ್ರಿಕೆ ಅಂತ ಅಕ್ಷರಗಳನ್ನ ಒಂದು ಆಕಾರಕ್ಕೆ ಕೂರಿಸೋ ಚಿತ್ರಕಾವ್ಯ ನಮ್ಮ ಅಲಂಕಾರಶಾಸ್ತ್ರದಲ್ಲೇ ಇದೆ. ಅಷ್ಟು ದೂರ ಯಾಕೆ, ನಮ್ಮ ಜಿಲ್ಲೆಯ ಹೆಂಬೆರಾಳದ ಶಾಂತರಸರನ್ನೇ ತಗೊಳ್ಳಿ, 1924ರಲ್ಲಿ ಹುಟ್ಟಿ 2008ರಲ್ಲಿ ತೀರಿಕೊಂಡೋರು, ಬೀದರಿನಲ್ಲಿ ನಡೆದ ಸಾಹಿತ್ಯ ಸಮ್ಮೇಳನದ ಅಧ್ಯಕ್ಷರಾಗಿದ್ದೋರು. ಉರ್ದುವಿನ ಗಜಲ್‌ಅನ್ನ ಕಾಫಿಯಾ (ಪ್ರಾಸ), ರದೀಫ್ (ಮರಳಿ ಮರಳಿ ಬರೋ ಪದ) ಸಮೇತ ಕನ್ನಡಕ್ಕೆ ಒಗ್ಗಿಸೋಕೆ ಹೊರಟ ಮೊದಲಿಗರಲ್ಲಿ ಅವರೊಬ್ಬರು. ಪ್ರತಿ ದ್ವಿಪದಿಯ ಕೊನೆಗೆ ಅದೇ ಪದಕ್ಕೆ ಬಂದು ಮುಟ್ಟಲೇಬೇಕು ಅನ್ನೋ ಕಟ್ಟಳೆ ಕವಿಯನ್ನ ತಾನು ಅಂದ್ಕೊಂಡಿರದ ಕಡೆಗೆಲ್ಲಾ ಕರ್ಕೊಂಡು ಹೋಗುತ್ತೆ. ಇವತ್ತು ರಾಯಚೂರಲ್ಲಿ ಗಜಲ್ ಬರೆಯೋರು ಓಣಿಗೊಬ್ಬರು ಸಿಕ್ತಾರೆ. ಅದು ಪ್ರಯೋಗವೇ, ಬೇರು ಬಿಟ್ಟಿದೆ ಅಂತ ನಮಗೀಗ ಹಾಗನ್ಸಲ್ಲ ಅಷ್ಟೇ.

ನಮ್ಮ ಕೂಟ ಸೇರೋದು ಸ್ಟೇಷನ್ ರೋಡಿನ ಹತ್ರ ಪರಿಚಯದವರೊಬ್ಬರ ಟ್ಯೂಷನ್ ರೂಮಲ್ಲಿ. ನಾನು ಡಿಗ್ರಿ ಕಾಲೇಜಲ್ಲಿ ಗೆಸ್ಟ್ ಲೆಕ್ಚರರ್, ಬರೋರಲ್ಲಿ ನನ್ನ ವಿದ್ಯಾರ್ಥಿಗಳಿದ್ದಾರೆ, ಗಂಜಿನಲ್ಲಿ, ಅಂದ್ರೆ ಸಗಟು ಮಾರುಕಟ್ಟೇಲಿ, ಅಂಗಡಿ ಲೆಕ್ಕ ಬರೆಯೋ ಹುಡುಗ ಇದ್ದಾನೆ, ಶಕ್ತಿನಗರದಿಂದ ಬಸ್ ಹಿಡಿದು ಬರೋ ಅಕ್ಕ ತಂಗಿ ಇದ್ದಾರೆ. ಮೊದಮೊದಲು ಏನು ಬರೀರಿ ಅಂದ್ರೂ ಅಮ್ಮ, ಪ್ರೀತಿ, ಕನ್ನಡಮ್ಮ, ರೈತ ಅನ್ನೋ ನಾಲ್ಕರ ಮೇಲೇ ಬರೆಯೋರು, ಅದೂ ವಾಟ್ಸಾಪಲ್ಲಿ ಬರೋ ಸಾಲುಗಳ ತರಾನೇ, ಕರುಣಾಮಯಿ, ತ್ಯಾಗಮಯಿ, ದೇವರಿಗೂ ಮಿಗಿಲು. ತಾಯಿ ಮೇಲೆ ಪ್ರೀತಿ ಇಲ್ದೆ ಬರೆದಿದ್ದಲ್ಲ, ಪ್ರೀತಿ ಗಂಟಲವರೆಗೂ ಇದೆ, ಹೇಳೋಕೆ ಸಿಗೋ ಮಾತು ಮಾತ್ರ ಬೇರೆಯವರು ಬಳಸಿ ಬಿಟ್ಟಿದ್ದು. ಆಗ ಮೇಯರ್ ದಾರಿ ಹಿಡಿದೆ. ತಾಯಿ ಮೇಲೇ ಬರೀರಿ, ಆದ್ರೆ ಅವ್ವ, ಅಮ್ಮ, ತಾಯಿ ಅನ್ನೋ ಪದ ಬರಬಾರದು, ಪ್ರೀತಿ ದುಃಖ ಕರುಣೆ ಅನ್ನೋ ಯಾವ ಭಾವದ ಪದಾನೂ ಬರಬಾರದು, ಕೈ ಏನು ಮಾಡುತ್ತೆ ಅಷ್ಟೇ ಬರೀರಿ ಅಂದೆ.

ರೂಮು ಸುಮಾರು ಹೊತ್ತು ಸುಮ್ಮನಿತ್ತು. "ಮೇಡಂರಿ, ಅವ್ವ ಅನ್ನದಂಗ ಅವ್ವನ ಮ್ಯಾಲ ಹೆಂಗ ಬರಿಯೋದ್ರಿ?" ಅಂತ ಲೆಕ್ಕ ಬರೆಯೋ ಹುಡುಗ ಕೇಳಿದ. "ಬರಿ ಬರಿ, ಬರೀತಾ ಹೋದಂಗ ಬರ್ತದ" ಅಂದೆ. ದೇವದುರ್ಗದ ಕಡೆ ಹಳ್ಳಿಯ ಒಬ್ಬ ಹುಡುಗಿ, ಅಲ್ಲಿವರೆಗೂ ಬಾಯೇ ಬಿಟ್ಟಿರಲಿಲ್ಲ, ಟಂಟಂ ಗಾಡಿ ಹತ್ತಿ ಹತ್ತಿ ಬಿಡಿಸೋ ಕೂಲಿಗೆ ಹೋಗೋ ತಾಯಿ ಬಗ್ಗೆ ಅವಳು ಬರೆದಿದ್ದು ಇದು, ಅವಳನ್ನ ಕೇಳಿಯೇ ಇಲ್ಲಿ ಹಾಕ್ತಿದ್ದೀನಿ:

"ಮುಂಜಾನಿ ಆರಕ್ಕ ಟಂಟಂ. ಹದಿನಾಲ್ಕು ಮಂದಿ. ಸೀರಿ ಸೆರಗು ಸೊಂಟಕ್ಕ ಕಟ್ಟಿದ್ರ ಅದಾ ಚೀಲ. ಎಡಗೈ ಕಾಯಿ ಹಿಡಿತದ, ಬಲಗೈ ಅರಳಿ ಎಳಿತದ. ಒಣಗಿದ ಕಾಯಿ ತುದಿ ಉಗುರಿನ ಸಂದಿಗೆ. ಎಡಗೈ ಬಲಗೈ, ಎಡಗೈ ಬಲಗೈ. ಸಂಜಿಕ ತೂಕ. ತಕ್ಕಡಿ ಮುಂದ ಎರಡೂ ಕೈ ಹಿಂದ ಕಟ್ಟಿಕೊಂಡು ನಿಂದರ್ತದ. ಮನಿಗೆ ಬಂದು ರೊಟ್ಟಿ ಹಿಟ್ಟಿಗೆ ಬಿಸಿನೀರು ಹಾಕಿದಾಗ ಬಲಗೈ ಒಮ್ಮೆ ಹಿಂದಕ್ಕ ಸರಿತದ, ಮತ್ತ ಮುಂದಕ್ಕ ಬರ್ತದ."

ಆ ಕೊನೆ ಸಾಲು ನೋಡಿ. ಉರಿ ಅನ್ನೋ ಪದ ಇಲ್ಲ, ನೋವು ಅನ್ನೋ ಪದ ಇಲ್ಲ, ಕೈ ಒಮ್ಮೆ ಹಿಂದಕ್ಕೆ ಸರಿಯುತ್ತೆ, ಅಷ್ಟೇ. ತ್ಯಾಗಮಯಿ ಅಂತ ಬರೆಯೋಕೆ ಬಿಟ್ಟಿದ್ರೆ ಈ ಸಾಲು ಅವಳಿಗೂ ಸಿಕ್ತಿರಲಿಲ್ಲ, ನಮಗೂ ಸಿಕ್ತಿರಲಿಲ್ಲ. ಓದಿ ಮುಗಿಸಿದ ಮೇಲೆ ಅವಳೇ "ಇದು ಕವಿತಿ ಹೌದನ್ರಿ?" ಅಂತ ಕೇಳಿದ್ಲು. ಹೌದು ಅಂದೆ, ಹಾಗೆ ಅನ್ನೋವಾಗ ನನಗೆ ಒಂದಿಷ್ಟೂ ಅನುಮಾನ ಇರಲಿಲ್ಲ.

ಮೇಯರ್ ತಾನು ಹೇಳಿಕೊಟ್ಟಿದ್ದನ್ನ ತಾನೇ ಎಷ್ಟು ದೂರ ಒಯ್ದರು ಅನ್ನೋದಕ್ಕೆ 'ಮೆಮೊರಿ' ಸಾಕ್ಷಿ. 1971ರ ಜುಲೈ ತಿಂಗಳು ಪೂರ್ತಿ ದಿನಕ್ಕೊಂದು 36 ಫೋಟೋದ ರೀಲು ತೆಗೆಯೋದು, ಜೊತೆಗೆ ಡೈರಿ ಬರೆಯೋದು. ಮುಂದಿನ ವರ್ಷ 1,100ಕ್ಕೂ ಹೆಚ್ಚು ಫೋಟೋಗಳನ್ನ ಗೋಡೆ ತುಂಬಾ ಸಾಲುಸಾಲಾಗಿ ಅಂಟಿಸಿ, ಆಕೆಯದೇ ದನೀಲಿ ಸುಮಾರು ಆರು ಗಂಟೆ ಓದಿದ್ದನ್ನ ಟೇಪಲ್ಲಿ ಕೇಳಿಸ್ತಾ ಪ್ರದರ್ಶನ ಇಟ್ರು. ಬರಹ ಪುಸ್ತಕ ಆಗಿದ್ದು 1975ರಲ್ಲಿ, ಫೋಟೋ ಮತ್ತು ಬರಹ ಎರಡೂ ಒಟ್ಟಿಗೆ ಪುಸ್ತಕವಾಗಿ ಬರೋಕೆ 2020ರವರೆಗೂ ಕಾಯಬೇಕಾಯ್ತು. ನಮ್ಮ ಹುಡುಗ್ರಿಗೆ ಇದನ್ನ ಹೇಳಿದ್ದು ರಾಯಚೂರು ಕೋಟೆಗೆ ಕರ್ಕೊಂಡು ಹೋಗಿ. ಅಲ್ಲಿ ಗೋಡೆಯಲ್ಲಿ 41 ಅಡಿಗೂ ಉದ್ದದ ಒಂದೇ ಕಲ್ಲಿದೆ, 1294ರ ಶಾಸನ ಅದರ ಮೇಲೆ. ಅಷ್ಟು ದೊಡ್ಡ ಕಲ್ಲನ್ನ ಬಂಡಿ ಮೇಲೆ ಹೇರಿ ಪಶುಗಳನ್ನ ಸಾಲಾಗಿ ಹೂಡಿ ಎಳೆದು ತಂದಿದ್ದನ್ನೂ ಅಲ್ಲೇ ಗೋಡೆ ಮೇಲೆ ಕೆತ್ತಿದ್ದಾರೆ. ಬರಹ ಒಂದು ಕಥೆ ಹೇಳುತ್ತೆ, ಚಿತ್ರ ಆ ಬರಹ ಇಲ್ಲಿಗೆ ಬಂದಿದ್ದು ಹೇಗೆ ಅನ್ನೋದನ್ನ ಹೇಳುತ್ತೆ. ಮೊಬೈಲಲ್ಲಿ ಫೋಟೋ ತೆಗೀರಿ, ಫೋಟೋದಲ್ಲಿ ಬರದೇ ಇರೋದನ್ನ ಪಕ್ಕದಲ್ಲಿ ಬರೀರಿ ಅಂದೆ. ಒಬ್ಬ ವಾಸನೆ ಬರೆದ, ಒಬ್ಬಳು ತನ್ನ ಹಿಂದೆ ನಿಂತು ಯಾರೋ ಫೋನಲ್ಲಿ ಸಾಲದ ಮಾತಾಡ್ತಿದ್ದಿದ್ದನ್ನ ಬರೆದ್ಲು. 'ಮೆಮೊರಿ'ಯ ಬರಹವನ್ನ ಒಂದೇ ಸಮ ಓದೋಕೆ ನನಗೆ ಆಗಲ್ಲ, ವಾಕ್ಯ ಎಲ್ಲಿ ಮುಗೀತು ಎಲ್ಲಿ ಶುರುವಾಯ್ತು ಗೊತ್ತಾಗದ ಹಂಗೆ ಹರೀತಾ ಹೋಗುತ್ತೆ, ಅಲ್ಲಲ್ಲಿ ಬರೀ ದಣಿವು. ಪಟ್ಟಿಯಲ್ಲಿರೋ ಕೆಲವು ಪ್ರಯೋಗಗಳೂ ಒಂದು ಸಲ ಮಾಡಿ ನಕ್ಕು ಬಿಡೋಕೆ ಸರಿ, ಅದರಿಂದ ಕವಿತೆ ಹುಟ್ಟಲ್ಲ. ಅದನ್ನೂ ಹುಡುಗ್ರಿಗೆ ಹೇಳ್ತೀನಿ.

ಆದ್ರೆ 'ಮಿಡ್‌ವಿಂಟರ್ ಡೇ' ಬಗ್ಗೆ ನನಗೆ ಇಂಥ ಯಾವ ತಕರಾರೂ ಇಲ್ಲ. 1978ರ ಡಿಸೆಂಬರ್ 22, ಅಲ್ಲಿ ಹಗಲು ತೀರಾ ಗಿಡ್ಡ ಇರೋ ಹೊತ್ತು. ಮೇಯರ್ ಆಗ ಮ್ಯಾಸಚೂಸೆಟ್ಸಿನ ಲೆನಾಕ್ಸ್ ಅನ್ನೋ ಸಣ್ಣ ಊರಲ್ಲಿ, ಗಂಡ ಲೂಯಿಸ್ ವಾರ್ಶ್ ಮತ್ತು ಇಬ್ಬರು ಪುಟ್ಟ ಹೆಣ್ಣುಮಕ್ಕಳ ಜೊತೆ ಇದ್ರು. ಆ ಒಂದು ದಿನವನ್ನೇ ಆರು ಭಾಗದ ಕಾವ್ಯ ಮಾಡಿದ್ರು: ಬೆಳಗಿನ ಕನಸು, ಎದ್ದು ಮಕ್ಕಳಿಗೆ ತಿಂಡಿ, ಊರೊಳಗೆ ನಡೆದು ಪೋಸ್ಟಾಫೀಸು, ಲೈಬ್ರರಿ, ಅಂಗಡಿ, ಮಧ್ಯಾಹ್ನದ ಊಟ, ಮಕ್ಕಳ ನಿದ್ದೆ, ಸಂಜೆ ಅಡುಗೆ, ರಾತ್ರಿ ಎಲ್ರೂ ಮಲಗಿದ ಮೇಲಿನ ಯೋಚನೆ. ಪುಸ್ತಕ ಬಂದಿದ್ದು 1982ರಲ್ಲಿ. ಅಂಗಡಿಗಳ ಹೆಸರಿನ ಪಟ್ಟಿಯೂ ಅದರೊಳಗೆ ಕಾವ್ಯವಾಗಿ ಕೂತುಬಿಡುತ್ತೆ. ಮಕ್ಕಳು, ಮನೆಗೆಲಸ ಬರವಣಿಗೆಗೆ ಅಡ್ಡಿ ಅಂತ ಗಂಡು ಹೆಣ್ಣು ಎಲ್ಲಾ ಬರಹಗಾರರೂ ಹೇಳಿಕೊಂಡೇ ಬಂದಿದ್ದಾರೆ, ಆಕೆ ಆ ಅಡ್ಡಿಯನ್ನೇ ಎತ್ತಿ ಕಾವ್ಯದ ಅಂಕಣ ಮಾಡ್ಕೊಂಡ್ರು. ಮೂರನೇ ಮಗುವಿನ ಬಸಿರಿನ ತಿಂಗಳುಗಳಲ್ಲಿ ಕಳಿಸದೇ ಇಟ್ಟ ಪತ್ರಗಳದ್ದೂ ಒಂದು ಪುಸ್ತಕ ಇದೆ, ಅದರಲ್ಲಿ ದುಡ್ಡಿನ ಚಿಂತೆ ಕೂಡಾ ಮುಚ್ಚುಮರೆ ಇಲ್ದೆ ಬರುತ್ತೆ. ಇದೇ ವರ್ಷಗಳಲ್ಲೇ, 1977ರಿಂದ 1983ರವರೆಗೆ, ಗಂಡ ಹೆಂಡತಿ ಸೇರಿ 'ಯುನೈಟೆಡ್ ಆರ್ಟಿಸ್ಟ್ಸ್' ಅಂತ ಇನ್ನೊಂದು ಸೈಕ್ಲೋಸ್ಟೈಲ್ ಪತ್ರಿಕೆ ನಡೆಸ್ತಿದ್ರು. ಎಳೆ ಮಕ್ಕಳಿರೋ ಮನೇಲಿ, ಸ್ಟೆನ್ಸಿಲ್ ಕುಟ್ಟಿಕೊಂಡು.

ಇದನ್ನ ಓದುವಾಗೆಲ್ಲಾ ನನಗೆ ನೆನಪಾಗೋದು ನಮ್ಮ ಲಿಂಗಸುಗೂರು ತಾಲೂಕಿನ ಅಮರೇಶ್ವರದ ಆಯ್ದಕ್ಕಿ ಲಕ್ಕಮ್ಮ. ಗಂಡ ಮಾರಯ್ಯ ಒಂದು ದಿನಕ್ಕೆ ಬೇಕಾಗಿದ್ದಕ್ಕಿಂತ ಜಾಸ್ತಿ ಅಕ್ಕಿ ಆಯ್ದು ತಂದಾಗ, ಇದು ನಮಗ್ಯಾಕೆ, ಒಯ್ದು ಅಲ್ಲೇ ಸುರಿದು ಬನ್ನಿ ಅಂತ ಕಳಿಸಿದ ಹೆಣ್ಣುಮಗಳು. ಅಡುಗೆಮನೆಯ ಅಳತೆಯಿಂದಲೇ ಆಕೆ ಅನುಭಾವದ ಮಾತಾಡಿದ್ಲು. ಎಂಟುನೂರು ವರ್ಷದ ಹಿಂದೆ ಇಲ್ಲೇ ಆಗಿಹೋದ ಕೆಲಸ ಇದು, ಪಠ್ಯಪುಸ್ತಕದಲ್ಲಿಟ್ಟು ಅಂಕ ಹಾಕ್ತೀವಿ, ಹಾಗೆ ನಾವೂ ಬರೀಬಹುದು ಅಂತ ಯಾರಿಗೂ ಹೇಳಿಕೊಡಲ್ಲ.

ಡಿಸೆಂಬರಿನ ಗಿಡ್ಡ ಹಗಲು ನಮ್ಮ ಕಡೆ ಅಷ್ಟು ಲೆಕ್ಕಕ್ಕೆ ಬರಲ್ಲ, ನಮ್ಮೂರಲ್ಲಿ ದಿನ ಅಳೆಯೋದು ಬಿಸಿಲಿಂದ. ಹಂಗಾಗಿ ನಮ್ಮ ಕೂಟದ ಒಂದು ದಿನದ ಬರಹಕ್ಕೆ ಮೇ ತಿಂಗಳು ಗೊತ್ತು ಮಾಡಿದ್ವಿ, ಎಲ್ರೂ ಒಂದೇ ದಿನ, ಎದ್ದಾಗಿಂದ ಮಲಗೋವರೆಗೆ. ಮಾಳಿಗೆ ಮೇಲೆ ನೀರು ಚೆಲ್ಲೋದು, ಕರೆಂಟು ಹೋದಾಗ ಫ್ಯಾನು ನಿಂತ ಮೇಲೂ ಎಲ್ರೂ ಅದನ್ನೇ ನೋಡ್ತಾ ಕೂರೋದು, ಗಂಜಿನಲ್ಲಿ ಮಧ್ಯಾಹ್ನ ಹಮಾಲರು ಚೀಲಗಳ ನೆರಳಲ್ಲಿ ಮಲಗೋದು. ಅಕ್ಕ ತಂಗಿ ಇಬ್ರೂ ಒಂದೇ ಮನೆಯ ಒಂದೇ ದಿನ ಬರೆದಿದ್ರು, ಎರಡೂ ಪಕ್ಕ ಪಕ್ಕ ಇಟ್ಟು ಓದಿದ್ರೆ ಅಪ್ಪ ಬೇರೆ ಬೇರೆ ಮನುಷ್ಯರೇನೋ ಅನ್ಸೋ ಹಂಗಿತ್ತು. ತಂಗಿ ಬರೆದಿದ್ದು ಕೇಳಿ ಅಕ್ಕ ಅಲ್ಲೇ "ಯವ್ವ, ಅಪ್ಪ ಹಂಗ ಅಂದಿದ್ದು ನೀ ಯಾವಾಗ ಕೇಳಿದಿ?" ಅಂದ್ಲು.

1994ರಲ್ಲಿ ಮೇಯರ್‌ಗೆ ಮೆದುಳಿನ ರಕ್ತಸ್ರಾವ ಆಯ್ತು. ಕೈಕಾಲು ಮೊದಲಿನಂಗೆ ಓಡಾಡೋದು ನಿಂತ್ರೂ ಬರೆಯೋದು ನಿಲ್ಲಲಿಲ್ಲ, ನ್ಯೂಯಾರ್ಕ್ ರಾಜ್ಯದ ಹಳ್ಳಿಗಾಡಲ್ಲಿ ಇದ್ಕೊಂಡು ಪುಸ್ತಕಗಳು ಬರ್ತಾನೇ ಇದ್ವು, 2016ರ 'ವರ್ಕ್ಸ್ ಅಂಡ್ ಡೇಸ್' ಅಲ್ಲಿನ ದೊಡ್ಡ ಪ್ರಶಸ್ತಿಯೊಂದರ ಕೊನೆ ಸುತ್ತಿನವರೆಗೂ ಹೋಯ್ತು. 2022ರ ನವೆಂಬರ್ 22ಕ್ಕೆ, 77ರ ವಯಸ್ಸಲ್ಲಿ ತೀರಿಕೊಂಡ್ರು. ಹೆಸರಿನ ಮಟ್ಟಿಗೆ ಹೇಳೋದಾದ್ರೆ ಆಕೆಯ ಕೂಟದಲ್ಲಿ ಕೂತವರು ಕೆಲವರು ಆಕೆಗಿಂತ ಜಾಸ್ತಿ ಹೆಸರು ಮಾಡಿದ್ರು.

ನಾವೂ ಈಗ ಒಂದು ಪುಟ್ಟ ಪತ್ರಿಕೆ ತರ್ತಿದ್ದೀವಿ. ಸೈಕ್ಲೋಸ್ಟೈಲ್ ಎಲ್ಲಿ ಸಿಗಬೇಕು, ಜೆರಾಕ್ಸ್ ಹಾಳೆಗಳನ್ನ ಮಧ್ಯಕ್ಕೆ ಮಡಚಿ ಎರಡು ಪಿನ್ ಹೊಡೆಯೋದು. ಆದ್ರೆ ಟೈಪ್ ಮಾಡೋದು ಮಾತ್ರ ಒಂದು ನಿಯಮದ ಮೇಲೆ, ಯಾರೂ ತಮ್ಮ ಬರಹ ತಾವು ಟೈಪ್ ಮಾಡಂಗಿಲ್ಲ, ಇನ್ನೊಬ್ಬರದ್ದೇ ಮಾಡಬೇಕು. ಲೆಕ್ಕ ಬರೆಯೋ ಹುಡುಗ ಹತ್ತಿ ಬಿಡಿಸೋ ಕವಿತೆ ಟೈಪ್ ಮಾಡಿದ, ಮುಗಿಸಿ ಬಂದು ಆ 'ಎಡಗೈ ಬಲಗೈ' ಎರಡು ಸಲ ಯಾಕೆ ಬಂದದ ಅಂತ ಕುಟ್ಟುವಾಗ ತಿಳೀತ್ರಿ ಅಂದ.

ಒಂದು ವಿಷಯದಲ್ಲಿ ಮಾತ್ರ ನಾನು ಮೇಯರ್ ಹಿಂದೆ ಹೋಗಲಿಲ್ಲ. ಹೆಸರು ಹಾಕದೇ ಅಚ್ಚು ಹಾಕೋಣ, ಎಲ್ಲಾ ಎಲ್ಲರದ್ದೂ ಆಗ್ಲಿ ಅಂತ ಕೂಟದಲ್ಲಿ ಕೆಲವರು ಉತ್ಸಾಹದಿಂದ ಹೇಳಿದ್ರು, ಆಕೆಯ 'ಅನ್‌ನ್ಯಾಚುರಲ್ ಆಕ್ಟ್ಸ್' ಕಥೆ ಹೇಳಿದ್ದು ನಾನೇ ಅಲ್ವಾ. ನಾನು ಬೇಡ ಅಂದೆ. ಹೆಸರು ಬಿಟ್ಟುಕೊಡೋದು ಹೆಸರು ಇದ್ದವರಿಗೆ ದೊಡ್ಡ ಗುಣ. ಹತ್ತಿ ಹೊಲದ ಕೂಲಿ ಪುಸ್ತಕದಲ್ಲಿ ಬಿಟ್ರೆ ಬೇರೆಲ್ಲೂ ಹೆಸರು ಬರೆಸಿಕೊಂಡಿರದ ಮನೆಯಿಂದ ಬಂದ ಹುಡುಗಿ ಮೊದಲ ಸಲ ತನ್ನ ಹೆಸರನ್ನ ಅಚ್ಚಲ್ಲಿ ನೋಡೋವಾಗ ಅದನ್ನ ತೆಗೆಯೋ ಹಕ್ಕು ನನಗಿಲ್ಲ. ಪ್ರತಿ ಬರಹದ ಕೆಳಗೆ ಬರೆದವರ ಹೆಸರು, ಊರು, ಟೈಪ್ ಮಾಡಿದವರ ಹೆಸರು ಮೂರೂ ಹಾಕಿದ್ವಿ. ಎರಡನೇ ಸಂಚಿಕೆ ದಸರಾ ರಜೆಗೆ ಬರ್ತದೆ, ಅದಕ್ಕೆ ಕೊಟ್ಟಿರೋ ನಿಯಮ ಇಷ್ಟು: ನಿಮ್ಮ ಓಣೀಲಿ ನೀವು ಇವತ್ತಿನವರೆಗೂ ಮಾತಾಡಿಸದ ಒಬ್ಬರನ್ನ ಮಾತಾಡಿಸಿ ಬನ್ನಿ, ಅವರು ಆಡಿದ ಮಾತಲ್ಲೇ ಬರೀರಿ, ನಿಮ್ಮದೊಂದು ಪದಾನೂ ಸೇರಿಸಬೇಡಿ, ಬರೆದಿದ್ದನ್ನ ಮೊದಲು ಅವರಿಗೇ ಓದಿ ಹೇಳಿ.